ಹತ್ತು ಕಿಲೋ ಅವಲಕ್ಕಿ ಮತ್ತು ಪಂಜದ ಮನೆಯ ಚೀಟಿ

ಕಳೆದ ಶುಕ್ರವಾರ ಸಂಜೆ ಪುತ್ತೂರಿನಿಂದ ಕಡಬಕ್ಕೆ ಬರುವ ಬಸ್ಸಿನ ನೆತ್ತಿಯ ಮೇಲೆ ಹತ್ತು ಕಿಲೋ ತೆಳು ಅವಲಕ್ಕಿ ಪ್ರಯಾಣ ಮಾಡಿತು. ಒಂದು ಗೋಣಿಯಲ್ಲಿ ಹಿಡಿಸದೆ ಎರಡರಲ್ಲಿ ತುಂಬಿ, ಹಗ್ಗ ಬಿಗಿದು ಕಳಿಸಿದ್ದರು. ನಮ್ಮ ಮನೆಯ ತಿರುವಿನಲ್ಲಿ ಬಸ್ಸು ನಿಂತಿತು. ಕಂಡಕ್ಟರ್ ಸಂಜೀವ ಏಣಿ ಹತ್ತಿ, ಗೋಣಿಗಳನ್ನು ಒಂದೊಂದಾಗಿ ಇಳಿಸಿ, ನನ್ನ ಮುಖ ನೋಡಿದ.

"ಎಂತ ಮಾರಾಯ್ರೆ, ಹೋಟ್ಲು ಇಡ್ತೀರಾ?"

ಬಸ್ಸಿನ ಕಿಟಕಿಗಳೆಲ್ಲ ನಕ್ಕವು. ನಾನು ಗಂಭೀರವಾಗಿ ನಿಂತೆ. ಬೇರೆ ದಾರಿಯಾದರೂ ಏನಿತ್ತು? ಅಷ್ಟು ಅವಲಕ್ಕಿಯನ್ನು ಸ್ವಹಸ್ತದಿಂದ ಬರೆದು ತರಿಸಿದವನು ನಾನೇ.

ಓದುಗರಿಗೆ ಇದರ ಕಾರಣ ವಿವರಿಸುವ ಹೊಣೆ ನನ್ನ ಮೇಲಿದೆ. ವಾರವಾರವೂ ಊರಿನವರಿಂದ ಹೊಣೆಗಾರಿಕೆ ಕೇಳುವವನು ತನ್ನ ಸರದಿ ಬಂದಾಗ ಗೋಣಿಯ ಹಿಂದೆ ಅಡಗಬಾರದಷ್ಟೆ? (ಅಡಗುವಷ್ಟು ದೊಡ್ಡದಾಗಿತ್ತು ಎಂಬುದು ಬೇರೆ ಮಾತು.)

ಮೂರು ವಾರಗಳ ಹಿಂದೆ ನಾನು ಇದೇ ಜಾಗದಲ್ಲಿ ನಮ್ಮ ಸೀಮೆಯ ದಿನಸಿ ವ್ಯಾಪಾರದ ಕುರಿತು ಬರೆದದ್ದು ನಿಮಗೆ ನೆನಪಿರಬಹುದು. ಮೈಸೂರಿನಲ್ಲಿ ಅರ್ಥಶಾಸ್ತ್ರದ ಎಂ.ಎ. ಮುಗಿಸಿ ಊರಿಗೆ ಮರಳಿದ ಮೇಲೆ ನನ್ನ ಕಣ್ಣಿಗೆ ಬಿದ್ದ ಮೊದಲ ಅರಾಜಕತೆ ಅದು. ಬೇರೆ ಊರುಗಳಲ್ಲಿ ಗಿರಾಕಿ ಅಂಗಡಿಗೆ ಚೀಟಿ ಕಳಿಸಿದರೆ ಅದರಲ್ಲಿ ಸಾಮಾನಿನ ಹೆಸರಿರುತ್ತದೆ, ತೂಕವಿರುತ್ತದೆ. ನಮ್ಮಲ್ಲಿ? ನಮ್ಮ ಚೀಟಿಯಲ್ಲಿ ಮನೆಯ ಸುದ್ದಿ ಇರುತ್ತದೆ!

"ಸಾಹುಕಾರ್ರೆ, ಅತ್ತೆ ಬಂದಿದ್ದಾರೆ, ಎಂಟು ದಿನ ಇರ್ತಾರೆ." ಇದು ಒಂದು ಚೀಟಿ. "ಮಗುವಿಗೆ ಜ್ವರ ಬಿಟ್ಟಿತು, ಇನ್ನು ಊಟ ಮಾಡ್ತದೆ." ಇದು ಇನ್ನೊಂದು. ಸುಳ್ಯ, ಪಂಜ, ನೆಲ್ಯಾಡಿ, ಕಡಬಗಳಿಂದ ಹೊರಡುವ ಬೆಳಗಿನ ಬಸ್ಸುಗಳಲ್ಲಿ, ಕಂಡಕ್ಟರುಗಳ ಜೇಬಿನೊಳಗೆ, ಇಂಥ ಚೀಟಿಗಳು ಪುತ್ತೂರು ಸೇರುತ್ತವೆ. ಅಲ್ಲಿ ಹಸನಬ್ಬ ಸಾಹುಕಾರರು, ಅಂದರೆ ಮೂವತ್ತು ವರ್ಷಗಳಿಂದ ಪೇಟೆಯಲ್ಲಿ ದಿನಸಿ ಅಂಗಡಿ ನಡೆಸುತ್ತಿರುವ ಬ್ಯಾರಿ ವರ್ತಕರು, ಕನ್ನಡಕ ಏರಿಸಿ ಓದುತ್ತಾರೆ. ಒಂದು ಕ್ಷಣ ತಲೆಯೆತ್ತಿ ಮಾಡಿನ ಹಂಚು ನೋಡುತ್ತಾರೆ. ಆ ಮನೆಗೆ ಏನು ಬೇಕು, ಎಷ್ಟು ಬೇಕು ಎಂದು ತಾವೇ ತೀರ್ಮಾನಿಸಿ ಕಟ್ಟುತ್ತಾರೆ. ಸಂಜೆಯ ಬಸ್ಸಿನಲ್ಲಿ ಮೂಟೆ ಬರುತ್ತದೆ. ಅತ್ತೆಗೆ ಹಲ್ಲಿಲ್ಲವೆಂದು ರವೆ ಕೊಂಚ ಹೆಚ್ಚಾಗಿಯೇ ಇರುತ್ತದೆ.

ಇದೆಂಥ ಸಿಸ್ಟಮ್? ಕೊಳ್ಳುವವನಿಗೆ ತಾನು ಏನು ಕೊಳ್ಳುತ್ತಿದ್ದೇನೆಂದು ತಿಳಿಯದು. ಬೇಡಿಕೆ, ಪೂರೈಕೆ ಎರಡನ್ನೂ ಒಬ್ಬನೇ ಮನುಷ್ಯ ತಕ್ಕಡಿಯ ಹಿಂದೆ ಕುಳಿತು ನಿರ್ಧರಿಸುವುದಾದರೆ ವಿಶ್ವವಿದ್ಯಾನಿಲಯಗಳು ಇರುವುದಾದರೂ ಏಕೆ? ನಾನು ಬರೆದೆ: ಅಂಗಡಿಯ ಮುಂದೆ ದರಪಟ್ಟಿ ತೂಗಲಿ. ಹೊಸ ಕಿಲೋ ತೂಕದಲ್ಲಿಯೇ ವ್ಯವಹಾರ ನಡೆಯಲಿ. ಗಿರಾಕಿ ಬರೆದದ್ದನ್ನು, ಬರೆದಷ್ಟನ್ನು ಮಾತ್ರ ಕೊಡಲಿ. ಮನೆಗೆ ಯಾರು ಬಂದರು, ಏಕೆ ಬಂದರು ಎಂದು ವಿಚಾರಿಸುವ ಅಧಿಕಾರ ವ್ಯಾಪಾರಿಗೆ ಇಲ್ಲ!

ಲೇಖನವನ್ನು ಮೆಚ್ಚಿ ಎರಡು ಪತ್ರಗಳು ಬಂದವು. (ಒಂದು ನನ್ನ ಸೋದರಮಾವನದು.)

ಅಷ್ಟರಲ್ಲಿ ನಮ್ಮ ಮನೆಯಲ್ಲಿಯೇ ಒಂದು ದೊಡ್ಡ ಸುದ್ದಿ ಹುಟ್ಟಿತು. ಪಂಜದ ಕಡೆಯ ಮನೆಯೊಂದರಿಂದ ನನ್ನ ತಂಗಿ ಕಮಲಳನ್ನು ನೋಡಲು ಭಾನುವಾರ ಎಂಟು ಜನ ಬರುವುದೆಂದು ನಿಶ್ಚಯವಾಯಿತು. ಒಪ್ಪಿಗೆ ಇದೆಯೋ ಇಲ್ಲವೋ, ಅಂದೇ ಹೇಳಬೇಕು. ಅಮ್ಮ ಆ ಮಾತನ್ನು ಕಮಲಳಿಗೇ ಬಿಟ್ಟಿದ್ದಳು.

ಕಮಲಳಿಗೆ ಒಂದೇ ಅಂಜಿಕೆ. ನಮ್ಮ ದೊಡ್ಡಪ್ಪನ ಮಗಳನ್ನು ಕೊಟ್ಟ ಮನೆಯಲ್ಲಿ ಉಗ್ರಾಣದ ಬೀಗದ ಕೈ ಅತ್ತೆಯ ಸೊಂಟದಲ್ಲಿದೆ. ಒಂದು ಚಮಚ ಸಕ್ಕರೆ ಬೇಕಾದರೂ ಸೊಸೆ ಹೋಗಿ ನಿಲ್ಲಬೇಕು. ಅದನ್ನು ಕಣ್ಣಾರೆ ಕಂಡು ಬಂದ ಕಮಲ ನನ್ನನ್ನು ಕರೆದು ಹೇಳಿದಳು:

"ಅಣ್ಣ, ಪಂಜದ ಆ ಮನೆಯಲ್ಲಿ ಈಗಾಗಲೇ ಒಬ್ಬಳು ಸೊಸೆ ಇದ್ದಾಳಂತೆ. ಅವಳು ಅಲ್ಲಿ ಹೇಗೆ ಇದ್ದಾಳೆ, ಅದೊಂದು ವಿಚಾರಿಸು."

ನಾನು ವಿಚಾರಿಸಿದೆ. ಶಾಸ್ತ್ರೀಯವಾಗಿ ವಿಚಾರಿಸಿದೆ. ಮೂರು ಜನರಿಗೆ ಕಾಗದ ಬರೆದೆ. ಹುಡುಗ ಹೈಸ್ಕೂಲ್ ಮಾಸ್ತರ, ಬಿ.ಎ.ಯಲ್ಲಿ ಎರಡನೆಯ ದರ್ಜೆ, ಮನೆಗೆ ಹಂಚಿನ ಮಾಡು, ಬಾವಿಯಲ್ಲಿ ಬೇಸಗೆಯಲ್ಲಿಯೂ ನೀರು, ಜಗಲಿಯಲ್ಲಿ ರೇಡಿಯೋ. ಇಷ್ಟನ್ನೂ ಒಂದು ಹಾಳೆಯಲ್ಲಿ ಅಂದವಾಗಿ ಬರೆದು ಅವಳಿಗೆ ಒಪ್ಪಿಸಿದೆ.

ಕಮಲ ಓದಿ, ಹಾಳೆಯನ್ನು ಹಿಂತಿರುಗಿಸಿದಳು. "ನಾನು ರೇಡಿಯೋವನ್ನು ಮದುವೆ ಆಗುದಾ?"

ಇನ್ನು ಔತಣದ ಸಾಮಾನು. ಅಮ್ಮ ಎಂದಿನಂತೆ ಒಂದು ಹಾಳೆ ಚೂರು ಕೊಟ್ಟು, "‘ಭಾನುವಾರ ಪಂಜದಿಂದ ಎಂಟು ಜನ’ ಅಂತ ಬರಿ, ಸಾಕು" ಎಂದಳು. ನಾನು ಹೇಗೆ ಬರೆಯಲಿ? ಈಚೆಗಷ್ಟೇ ಇಡೀ ತಾಲೂಕಿಗೆ ಬುದ್ಧಿ ಹೇಳಿದವನ ಮನೆಯಿಂದಲೇ ಅಂಥ ಚೀಟಿ ಹೋದರೆ? "ಈ ಸಲ ಲಿಸ್ಟ್ ನನ್ನದು" ಎಂದು ಘೋಷಿಸಿ ಕುಳಿತೆ.

ಬರುವವರು, ನಾವು, ನೆರೆಹೊರೆಯವರು ಸೇರಿ ಇಪ್ಪತ್ತು ಜನ. ತಲೆಗೆ ಅರ್ಧ ಕಿಲೋ ಅಕ್ಕಿ ಎಂದರೆ ಹತ್ತು ಕಿಲೋ. ಬೆಳಗಿನ ತಿಂಡಿಗೆ ಅವಲಕ್ಕಿ. ಅವಲಕ್ಕಿಯೂ ಅಕ್ಕಿಯಿಂದಲೇ ಆಗುವುದಲ್ಲವೇ? ಹಾಗಿದ್ದ ಮೇಲೆ ಅದೂ ತಲೆಗೆ ಅರ್ಧ ಕಿಲೋ. ತರ್ಕದಲ್ಲಿ ಎಲ್ಲಿ ದೋಷವಿದೆ, ಹೇಳಿ? ಹೀಗೆ ಹತ್ತೊಂಬತ್ತು ಬಾಬತ್ತುಗಳನ್ನು ಕ್ರಮಸಂಖ್ಯೆ ಹಾಕಿ ಬರೆದೆ.

ಪ್ರತಿ ಗುರುವಾರ ಈ ಅಂಕಣವನ್ನು ಅಚ್ಚಿಗೆ ಕೊಡಲು ಪುತ್ತೂರಿಗೆ ಹೋಗುವುದು ನನ್ನ ರೂಢಿ. ಆ ವಾರ ಲಿಸ್ಟನ್ನು ನಾನೇ ಹಸನಬ್ಬ ಸಾಹುಕಾರರ ಕೈಗಿತ್ತೆ. ಅವರು ಕನ್ನಡಕ ಏರಿಸಿ ಓದಿದರು. ಇನ್ನೊಮ್ಮೆ ಓದಿದರು. ಮಾಡು ನೋಡಲಿಲ್ಲ, ನನ್ನನ್ನೇ ನೋಡಿದರು.

"ಇದರಲ್ಲಿ ಬರೆದದ್ದು ಮಾತ್ರವಾ?"

"ಬರೆದದ್ದು ಮಾತ್ರ."

"ಬರೆದಷ್ಟೇ?"

"ಬರೆದಷ್ಟೇ. ಒಂದು ಗ್ರಾಂ ಹೆಚ್ಚೂ ಬೇಡ, ಕಡಿಮೆಯೂ ಬೇಡ."

"ಅಮ್ಮ ನೋಡಿದ್ದಾರಾ ಇದನ್ನು?"

"ಸಾಹುಕಾರ್ರೆ, ಗಿರಾಕಿ ನಾನು."

"ಆಯ್ತು ಮಾರಾಯ್ರೆ" ಎಂದು ಅವರು ಲಿಸ್ಟನ್ನು ಮೊಳೆಗೆ ಚುಚ್ಚಿದರು. "ನಮಗೆಂತ, ನೀವು ಕಲಿತವರು."

ಆ ಮಾತಿನಲ್ಲಿದ್ದ ವಿನಯವನ್ನು ನಾನು ವಿನಯವೆಂದೇ ಭಾವಿಸಿದೆ.

ಶುಕ್ರವಾರ ಸಂಜೆ ಮೂಟೆಗಳ ಮುಂದೆ ಅಮ್ಮ ಕುಳಿತಳು. ಅಕ್ಕಿ ಸರಿ, ಬೇಳೆ ಸರಿ, ಮೆಣಸು ಸರಿ. ಅವಲಕ್ಕಿಯ ಮೊದಲ ಗೋಣಿ ಬಿಚ್ಚಿದಳು. ನಂಬಲಾಗದೆ ಎರಡನೆಯ ಗೋಣಿಯನ್ನೂ ಬಿಚ್ಚಿ ನೋಡಿದಳು. ಆಮೇಲೆ ತಳದವರೆಗೆ ತಡಕಾಡಿ ಕೇಳಿದಳು:

"ಬೆಲ್ಲ ಎಲ್ಲಿ?"

"ನೀನು ಬೆಲ್ಲ ಎಂದು ಹೇಳಲೇ ಇಲ್ಲವಲ್ಲ ಅಮ್ಮ."

"ಪಾಯಸಕ್ಕೆ ಬೆಲ್ಲ ಬೇಕು ಅಂತ ಹೇಳ್ಬೇಕಾ? ಸಾಸಿವೆ ಎಲ್ಲಿ? ಎಣ್ಣೆ? ಇಪ್ಪತ್ತು ಜನರಿಗೆ ಅವಲಕ್ಕಿ ಒಗ್ಗರಣೆ ನಿನ್ನ ಎಂ.ಎ.ಯಲ್ಲಿ ಮಾಡುದಾ?"

ಕಮಲ ಬಾಗಿಲಲ್ಲಿ ನಿಂತಿದ್ದಳು. ನಗುತ್ತಿರಲಿಲ್ಲ. ಆಗ ನನಗೆ ನಿಜವಾಗಿ ನಾಚಿಕೆಯಾಯಿತು. ಅವಳ ಪ್ರಶ್ನೆಗೆ ಉತ್ತರ ತರಲಿಲ್ಲ, ಔತಣಕ್ಕೆ ಬೆಲ್ಲ ತರಲಿಲ್ಲ. ತಂದದ್ದು ಊರಿಗೆಲ್ಲ ಹಂಚಿದರೂ ಮುಗಿಯದ ಅವಲಕ್ಕಿ!

"ನಾಳೆ ನಾನು ಪುತ್ತೂರಿಗೆ ಹೋಗ್ತೇನೆ" ಎಂದಳು ಕಮಲ. "ನೀನು ಬಾ, ಮೂಟೆ ಹೊರ್ಲಿಕ್ಕೆ. ಚೀಟಿ ನಾನು ಬರೀತೇನೆ."

ಶನಿವಾರ ಬಸ್ಸಿನಲ್ಲಿ ಅವಳ ಚೀಟಿಯನ್ನು ಇಣುಕಿ ನೋಡಿದೆ. "ಸಾಹುಕಾರ್ರೆ, ನಾಳೆ ಪಂಜದಿಂದ ಎಂಟು ಜನ. ಅಣ್ಣನದ್ದು ಕ್ಷಮಿಸಿ."

ಹಸನಬ್ಬ ಸಾಹುಕಾರರು ಅದನ್ನು ಓದಿದರು. ಬೆಂಚಿನ ಅಡಿಯಿಂದ ಕಟ್ಟಿಟ್ಟ ಮೂಟೆಯೊಂದನ್ನು ಎಳೆದು ಮುಂದಿಟ್ಟರು.

"ಇದು ಗುರುವಾರವೇ ತಯಾರುಂಟು ತಂಗೀ. ಕಳಿಸುದು ಹೇಗೆ? ಬರೆದದ್ದು ಮಾತ್ರ ಅಂದ್ರು ನಿನ್ನ ಅಣ್ಣ."

ಬೆಲ್ಲ, ಸಾಸಿವೆ, ಎಣ್ಣೆ, ಗೇರುಬೀಜ, ದ್ರಾಕ್ಷಿ, ಏಲಕ್ಕಿ. ಮೇಲೆ ಕೊತ್ತಂಬರಿ, ಜೀರಿಗೆ, ಒಣಶುಂಠಿಯ ಪೊಟ್ಟಣ. "ಅದು ಹುಡುಗನ ತಂದೆಗೆ. ಅವರಿಗೆ ಕಾಪಿ ಆಗುದಿಲ್ಲ, ಕಷಾಯ ಮಾಡಿ."

ನಾನು ನಡುವೆ ಬಾಯಿ ಹಾಕಿದೆ. "ಪಂಜದವರು ಬರುವುದು ನಿಮಗೆ ಗುರುವಾರವೇ ತಿಳಿದಿತ್ತೇ?"

"ಅವರ ಚೀಟಿಯೂ ಇಲ್ಲಿಗೇ ಬರುದಲ್ವಾ? ‘ಕಡಬಕ್ಕೆ ಹುಡುಗಿ ನೋಡ್ಲಿಕ್ಕೆ ಹೋಗ್ತೇವೆ’ ಅಂತ ಬರೆದಿದ್ರು. ನಾನು ಕಲ್ಲುಸಕ್ಕರೆ ಕಟ್ಟಿದೆ."

"ಹಾಗಾದರೆ ಅವಲಕ್ಕಿ ಹೆಚ್ಚಾಯಿತೆಂದು ಒಂದು ಮಾತು ಹೇಳಬಹುದಿತ್ತಲ್ಲ!"

"ಕೇಳುವ ಅಧಿಕಾರ ವ್ಯಾಪಾರಿಗೆ ಇಲ್ಲ ಅಂತ ಪೇಪರಿನಲ್ಲಿ ಬಂದಿದೆ ಮಾರಾಯ್ರೆ. ನನ್ನ ಅಳಿಯ ಓದಿ ಹೇಳಿದ. ಒಳ್ಳೆ ಬರೆದಿದ್ದೀರಿ."

ಕಮಲ ನನ್ನನ್ನು ಬದಿಗೆ ಸರಿಸಿ ಮುಂದೆ ನಿಂತಳು. ಮೂಟೆಯ ಹಗ್ಗ ಬಿಗಿಯುತ್ತ ಮೆಲ್ಲಗೆ ಕೇಳಿದಳು:

"ಸಾಹುಕಾರ್ರೆ, ಪಂಜದ ಆ ಮನೆಯ ಚೀಟಿ ಬರೆಯುದು ಯಾರು?"

ಮೂರು ಕಾಗದ ಬರೆದರೂ ನನಗೆ ಹೊಳೆಯದಿದ್ದ ಪ್ರಶ್ನೆ ಇದು. ಸಾಹುಕಾರರು ಕನ್ನಡಕ ತೆಗೆದು ಅವಳನ್ನೇ ನೋಡಿದರು. ಅವರಿಗೆ ಅರ್ಥವಾಗಿತ್ತು.

"ದೊಡ್ಡ ಸೊಸೆ. ಮದುವೆಯಾಗಿ ಬಂದ ವರ್ಷದಿಂದ ಅವಳದ್ದೇ ಅಕ್ಷರ. ಸುದ್ದಿಯ ಕೊನೆಗೆ ಯಾವಾಗಲೂ ಒಂದು ಸಾಲು ಉಂಟು. ‘ನನಗೆ: ನಿಂಬೆ ಪೆಪ್ಪರ್ಮಿಂಟು, ಒಂದು ಪೊಟ್ಟಣ.’"

"ಅವಳಿಗೇ?"

"ಅವಳಿಗೇ. ಒಮ್ಮೆ ನನ್ನಲ್ಲಿ ಪೆಪ್ಪರ್ಮಿಂಟು ಮುಗಿದಿತ್ತು, ಹಾಕಲಿಲ್ಲ. ಮರುದಿನ ಮೊದಲ ಬಸ್ಸಿಗೆ ಮಾವನವರೇ ಬಂದು ಜೋರು ಮಾಡಿದ್ರು. ‘ಎಂತದು ಬ್ಯಾರಿಗಳೇ, ನಮ್ಮ ಸೊಸೆಯ ಪೆಪ್ಪರ್ಮಿಂಟು ಎಲ್ಲಿ?’ ಎಂಬತ್ತು ಮನೆಯ ಚೀಟಿ ಓದ್ತೇನೆ ತಂಗೀ. ಗಂಡಸರಿಗೆ ಬೀಡಿ ಅಂತ ಇರ್ತದೆ, ಮಕ್ಕಳಿಗೆ ಬಿಸ್ಕೂಟು ಅಂತ ಇರ್ತದೆ. ಸೊಸೆ ಬರೆದ ‘ನನಗೆ’ ಅನ್ನುವುದು ನಾನು ಕಂಡದ್ದು ಅದೊಂದೇ ಮನೆಯಲ್ಲಿ."

(ಒಬ್ಬರ ಮನೆಯ ಚೀಟಿಯ ವಿಷಯವನ್ನು ಇನ್ನೊಬ್ಬರಿಗೆ ಹೇಳುವುದು ವ್ಯಾಪಾರಧರ್ಮವೇ ಎಂದು ನಾನು ಆಗಲೇ ಪ್ರತಿಭಟಿಸಬೇಕಿತ್ತು. ಪ್ರತಿಭಟಿಸಲಿಲ್ಲ. ಕಿವಿಗೊಟ್ಟು ಕೇಳಿದೆ.)

ಹೊರಡುವಾಗ ಕಮಲ ಒಂದು ಪೊಟ್ಟಣ ನಿಂಬೆ ಪೆಪ್ಪರ್ಮಿಂಟು ಕೇಳಿ ತೆಗೆದುಕೊಂಡಳು.

ಭಾನುವಾರ ಎಂಟು ಜನ ಬಂದರು. ಹುಡುಗನ ತಂದೆಯ ಮುಂದೆ ಕಷಾಯದ ಲೋಟ ಇಟ್ಟಾಗ ಅವರು ಬೆರಗಾಗಿ, "ನಿಮಗೆ ಹೇಗೆ ಗೊತ್ತಾಯ್ತು?" ಎಂದರು. "ಗೊತ್ತಾಗ್ತದೆ" ಎಂದಳು ಅಮ್ಮ, ಸರ್ವಜ್ಞೆಯಂತೆ. ಕಮಲ ದೊಡ್ಡ ಸೊಸೆಗೆ ಕಾಪಿ ಕೊಟ್ಟಳು. ಬಟ್ಟಲಿನ ಪಕ್ಕದಲ್ಲಿ ನಾಲ್ಕು ಹಳದಿ ಪೆಪ್ಪರ್ಮಿಂಟು. ಆಕೆ ಒಂದು ಕ್ಷಣ ಕಣ್ಣರಳಿಸಿ, ಸೆರಗು ಬಾಯಿಗೊತ್ತಿ ನಕ್ಕಳು. "ಇದು ಹಸನಬ್ಬರ ಕೆಲಸ!" ಎಂದು ಮಾವನಿಗೇ ತೋರಿಸಿದಳು. ಮಾವ ಕೈ ಚಾಚಿ, ಅದರಲ್ಲೊಂದನ್ನು ತೆಗೆದು ಬಾಯಿಗೆ ಹಾಕಿಕೊಂಡರು.

ಕಮಲ ಒಳಗೆ ಬಂದು ಅಮ್ಮನ ಕಿವಿಯಲ್ಲಿ ಒಪ್ಪಿಗೆ ಎಂದಳು.

ಹುಡುಗನೋ? ಆತನೂ ಬಂದಿದ್ದ. ಸಂಭಾವಿತ. ಅವಲಕ್ಕಿ ಮೂರು ಸಲ ಬಡಿಸಿಕೊಂಡದ್ದರಿಂದ ನನಗಂತೂ ಬಹಳ ಹಿಡಿಸಿದ.

ಈಗ ಕೆಲವು ಓದುಗರು ಕೇಳಬಹುದು: ಹಾಗಾದರೆ ನಿನ್ನ ಬೇಡಿಕೆಗಳ ಗತಿ? ಒಂದನ್ನೂ ಹಿಂತೆಗೆದುಕೊಂಡಿಲ್ಲ. ದರಪಟ್ಟಿ ತೂಗಲೇಬೇಕು, ತಕ್ಕಡಿ ಗಿರಾಕಿಯ ಕಣ್ಣೆದುರಿಗೇ ಇರಬೇಕು. ಹಸನಬ್ಬರ ಅಂಗಡಿಯಲ್ಲಿಯೂ ಸಹ. ಎಲ್ಲ ಅಂಗಡಿಯಲ್ಲಿಯೂ ಹಸನಬ್ಬರೇ ಕುಳಿತಿರುತ್ತಾರೆಂದು ನಂಬಿ ಕಣ್ಣುಮುಚ್ಚಿ ಚೀಟಿ ಕಳಿಸಲಾಗುವುದಿಲ್ಲ. ಆದರೆ ವ್ಯಾಪಾರಿಯತ್ತ ಬೆರಳು ತೋರಿಸಿದ ನಾನು ಇಷ್ಟು ದಿನ ಮನೆಗಳನ್ನು ಸುಮ್ಮನೆ ಬಿಟ್ಟಿದ್ದೆನಲ್ಲ! ಆ ಎಂಬತ್ತು ಚೀಟಿಗಳಲ್ಲಿ ನಮ್ಮ ಮನೆಯದೂ ಒಂದು. ಅಮ್ಮ ಇಷ್ಟು ವರ್ಷಗಳಲ್ಲಿ ನಮ್ಮೆಲ್ಲರ ಸುದ್ದಿಯನ್ನೂ ಬರೆಸಿದ್ದಾಳೆ. ತನಗೆಂದು ಏನು ಬರೆಸಿದ್ದಾಳೆ? ಮೊನ್ನೆ ಅವಳನ್ನು ಕೇಳಿದೆ, "ಅಮ್ಮ, ನಿನಗೇನು ಬೇಕು?" ಅವಳು ಮೂಲೆಯ ಗೋಣಿಯತ್ತ ನೋಡಿ, "ಆ ಅವಲಕ್ಕಿ ಮುಗಿಯಲಿ" ಎಂದಳು.

ಗಂಡಿನ ಜಾತಕ ಕೇಳುವವರೇ, ಜಮೀನು ಕೇಳುವವರೇ, ಆ ಮನೆಯ ಅಂಗಡಿ ಚೀಟಿ ಬರೆಯುವವರು ಯಾರೆಂದು ಎಂದಾದರೂ ಕೇಳಿದ್ದೀರಾ?