ಅಂಗಡಿಯವರು ಕತ್ತರಿಸಿದ ಮಾತುಗಳು

ತೊಂಬತ್ತರ ದಶಕದ ನಡುವೆ, ಎಂ.ಎ. ಮುಗಿಸಿ ಹೊಸಪೇಟೆಗೆ ಮರಳುವಾಗ ಹಾಸ್ಟೆಲ್ ಗೆಳತಿಯಿಂದ ಒಂದು ರ‍್ಯಾಪ್ ಕ್ಯಾಸೆಟ್ ಎರವಲು ತಂದಿದ್ದೆ. ಬಂದೂಕಿನ ಭಯದಲ್ಲಿ ಬದುಕುವ ಅಮೆರಿಕದ ಒಂದು ಕೇರಿ, ಅಲ್ಲಿ ಬೆಳೆಯುವ ಹುಡುಗನ ಒಂದೇ ದಿನ. ಹಾಡಿನಿಂದ ಹಾಡಿಗೆ ಸಾಗುವ ಕಥೆ ಎಂದಿದ್ದಳು. ಬಜಾರಿನ ರೆಕಾರ್ಡಿಂಗ್ ಅಂಗಡಿಯಲ್ಲಿ ಪ್ರತಿ ಮಾಡಿಸಿಕೊಂಡೆ.

ಆಗ ನನ್ನ ತಮ್ಮ ಒಂದು ತಿಂಗಳಿನಿಂದ ಮನೆಯಿಂದ ಹೊರಗೆ ಕಾಲಿಟ್ಟಿರಲಿಲ್ಲ. ನಮ್ಮ ಓಣಿಯ ಹುಡುಗರಿಗೂ ಕಾಲುವೆಯಾಚೆಯವರಿಗೂ ಓಣಿಯ ಕೊನೆಯಲ್ಲಿ ನಡೆದ ಹೊಡೆದಾಟದಲ್ಲಿ ಅವನ ಗೆಳೆಯ ಚಾಕುವಿನ ಇರಿತದಿಂದ ಸತ್ತಿದ್ದ. ಕೊನೆಗೆ ಜೊತೆಗಿದ್ದವನು ತಮ್ಮನೇ. ಮಗನ ಕೊನೆಯ ಗಳಿಗೆ ಹೇಗಿತ್ತೆಂದು ತಿಳಿಯಲು ಗೆಳೆಯನ ತಾಯಿ ಎರಡು ಸಲ ಹೇಳಿಕಳಿಸಿದ್ದರು. ತಮ್ಮ ಹೋಗಿರಲಿಲ್ಲ.

ನಿಘಂಟು ಹಿಡಿದು ಪ್ರತಿ ಮಾಡಿಸಿದ ಕ್ಯಾಸೆಟ್ ಕೇಳಿದೆ. ಜಂಬ, ಬೈಗುಳ, ಬಡಿತ. ಕಥೆ ಎಲ್ಲಿಯೂ ಸಿಗಲಿಲ್ಲ.

“ಜಗಳದ ಹಾಡು ಬ್ಯಾರೆ ಬೇಕಾಗಿತ್ತೇನು ಈ ಮನಿಗೆ?” ಎಂದಳು ಅಮ್ಮ.

ಕಥೆ ಎಲ್ಲಿ ಹೋಯಿತೆಂದು ಅಂಗಡಿಗೆ ಹೋಗಿ ಕೇಳಿದರೆ ಅಂಗಡಿಯವರು ಹೆಮ್ಮೆಯಿಂದಲೇ ಹೇಳಿದರು: “ಹಾಡಿನ ನಡಬರಕ ಬರೇ ಮಾತವ್ವ. ಯಾರೋ ಬಾಗ್ಲಾ ಬಡೀತಾರ, ಯಾರೋ ಹೆಂಗಸು ಕೂಗ್ತಾಳ. ಸಿನಿಮಾ ಕ್ಯಾಸೆಟ್‌ನ್ಯಾಗ ಡೈಲಾಗ್ ತಗೀತೀವಲ್ಲ, ಹಂಗ ತಗದು ಹಾಡಷ್ಟ ಹಾಕೀನಿ.”

ಮನೆಗೆ ಬಂದು ಗೆಳತಿಯ ಮೂಲ ಕ್ಯಾಸೆಟ್ಟನ್ನೇ ಹಾಕಿದೆ. ತಮ್ಮ ಮಂಚದ ಮೇಲೆ ಗೋಡೆಗೆ ಮುಖ ಮಾಡಿ ಮಲಗಿದ್ದ. ಹಾಡುಗಳ ನಡುವೆ ಒಬ್ಬ ತಾಯಿ ಬಾಗಿಲಲ್ಲಿ ನಿಂತು ಮಕ್ಕಳನ್ನು ಒಬ್ಬೊಬ್ಬರಾಗಿ ಊಟಕ್ಕೆ ಕರೆಯುತ್ತಾಳೆ, ಒಬ್ಬೊಬ್ಬರೂ ಓಗೊಡುತ್ತಾರೆ. ಗುಂಡಿನ ಸದ್ದಾದ ಮೇಲೆ ಮತ್ತೆ ಕರೆಯುತ್ತಾಳೆ. ಒಂದು ಹೆಸರಿಗೆ ಉತ್ತರವಿಲ್ಲ. ಅದೇ ಹೆಸರನ್ನು ಇನ್ನಷ್ಟು ಜೋರಾಗಿ ಕೂಗುತ್ತಾಳೆ. ಮುಂದಿನ ಹಾಡಿನಲ್ಲಿ ಹುಡುಗ ಸೇಡಿನ ಮಾತಾಡುವುದಿಲ್ಲ. ಗುಂಡಿನ ಸದ್ದಿಗೆ ತಾನು ಹೇಗೆ ಓಡಿ ಅವಿತುಕೊಂಡೆನೆಂದು ಹೇಳುತ್ತಾನೆ. ಪರೀಕ್ಷೆಗೆಂದು ಓದಿದ ಯಾವ ವೀರಗೀತೆಯಲ್ಲಿಯೂ ನಾನು ಅಷ್ಟು ನೇರವಾದ ಭಯವನ್ನು ಕಂಡಿರಲಿಲ್ಲ.

“ಬಂದ್ ಮಾಡಕ್ಕಾ,” ಎಂದ ತಮ್ಮ. ಅವನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಹೆಸರು ಕೂಗುವುದು ತಿಳಿಯಲು ಇಂಗ್ಲಿಷ್ ಬೇಕಿರಲಿಲ್ಲ. “ಆವತ್ತು ಅವನವ್ವ, ಆಯಮ್ಮ, ಬಾಗ್ಲಾಗ ನಿಂತು ಹಿಂಗ ಅವನ ಹೆಸರು ಕೂಗಿದ್ಲು. ಅವಗಿನ್ನೂ ಜೀವ ಇತ್ತು. ನಾ ಹೆದರಿ ಗ್ವಾಡಿ ಹಿಂದ ಕುಂತಿದ್ದೆ. ಓ ಅನ್ಲಿಲ್ಲ.”

ನಾನು ಟೇಪ್ ನಿಲ್ಲಿಸಿದೆ.

“ಹೋಗಿ ಏನಂತ ಹೇಳ್ಲಿ?”

“ಇದನ್ನ ಹೇಳು.”

ಸಂಜೆ ಇಬ್ಬರೂ ಹೋದೆವು. ಆ ತಾಯಿ ಅಕ್ಕಿ ಆರಿಸುತ್ತಿದ್ದರು. “ಎಷ್ಟು ಸೊರಗೀಯೋ! ಕುಂದ್ರು,” ಎಂದರು. ಅವನು ಕೂರಲಿಲ್ಲ. ನಾನು ಹೊರಗೆ ಕಟ್ಟೆಯ ಮೇಲೆ ಉಳಿದೆ. ಗೋಡೆಯ ಹಿಂದೆ ಕುಳಿತದ್ದನ್ನೂ ಓಗೊಡದಿದ್ದುದನ್ನೂ ತಮ್ಮ ಹೇಳಿ ಮುಗಿಸಿದ. ಆಮೇಲೆ ಆಯಮ್ಮನ ದನಿ ಕೇಳಿಸಿತು.

“ನಾ ಕೂಗಿದ್ದು ಅವಗ ಕೇಳಿಸ್ತೇನಪ್ಪಾ?”

“ಕೇಳಿಸ್ತವ್ವಾ. ಮನಿ ಕಡಿ ಹೊಳ್ಳಿ ನೋಡಿದ.”