ಫಿನ್ನಿಷ್‌ನಲ್ಲಿ ಒಂದೇ ಒಂದು ಮಾತು

ನ್ಯೂಜಿಲೆಂಡಿನ ಪೊರಿರುವಾದಲ್ಲಿ ಒಂದು ಸೀರಿಯಲ್ ಶೂಟಿಂಗಿಗೆ ನಾನು ವ್ಯಾನ್ ಓಡಿಸುತ್ತಿದ್ದೆ. ಅದರಲ್ಲಿ ಫಿನ್‌ಲ್ಯಾಂಡಿನ ವಯಸ್ಸಾದ ನಟರೊಬ್ಬರು ಬರುತ್ತಿದ್ದರು. ನಲವತ್ತು ವರ್ಷ ಊರೂರು ಸುತ್ತಿ ರಷ್ಯನ್ ರೌಡಿ, ಜರ್ಮನ್ ಡಾಕ್ಟರು ಅಂತ ಸಣ್ಣ ಪಾತ್ರಗಳನ್ನೇ ಮಾಡಿದವರು. ಅವತ್ತು ಮೊದಲ ಸಲ ತಮ್ಮ ಭಾಷೆಯ ಒಂದು ಮಾತು ಸಿಕ್ಕಿತ್ತು. ದಾರಿಯುದ್ದಕ್ಕೂ ಅದನ್ನೇ ಹೇಳಿಕೊಳ್ಳುತ್ತಿದ್ದರು: "ಮೆನೆ, ಮೆನೆ."

"ನಮ್ಮ ಭಾಷೇಲಿ ಮನೆ ಅಂದ್ರೆ ಹೌಸ್, ಅಂಕಲ್," ಅಂದೆ.

"ನಮ್ಮಲ್ಲಿ 'ಹೋಗು' ಅಂತ," ಎಂದು ನಕ್ಕರು.

ಸಂಜೆ ಮುಖ ಇಳಿಬಿಟ್ಟುಕೊಂಡು ಹತ್ತಿದರು.

"ಏನಾಯ್ತು ಅಂಕಲ್?"

"ಫಿನ್ನಿಷ್ ಕೇಳಿದ್ರೆ ಡೈರೆಕ್ಟರ್‌ಗೆ ಯಾರೋ ಕಟ್ಟಿದ ಸುಳ್ಳು ಭಾಷೆ ಅನ್ನಿಸುತ್ತಂತೆ. ರಷ್ಯನ್‌ನಲ್ಲೇ ಹೇಳಿಸಿದ್ರು. ಈ ವಯಸ್ಸಲ್ಲಿ ಇನ್ನು ನನ್ನನ್ನ ಯಾರೂ ಕರೆಯಲ್ಲಪ್ಪ, ಇದೇ ಕೊನೆ."

"ಎಲ್ಲಿಗೆ ಬಿಡ್ಲಿ?"

"ಮೆನೆ," ಅಂದರು.

ಅವರ ಭಾಷೆಯಲ್ಲೋ ನನ್ನ ಭಾಷೆಯಲ್ಲೋ ಎಂದು ನಾನು ಕೇಳಲಿಲ್ಲ. ಆ ದೇಶದಲ್ಲಿ ಮನೆ ಅನ್ನುವುದು ಅವರಂತೆ ನನಗೂ ಇರಲಿಲ್ಲ. ಹೋಗುವುದೊಂದು ಗೊತ್ತಿತ್ತು, ವ್ಯಾನ್ ಓಡಿಸಿದೆ.