ಮೇಡಂ ಅಕ್ಷರ

ಅವರ ಬಲಗೈಯ ಮೂರು ಬೆರಳು ಸದಾ ಬೆಳ್ಳಗಿರುತ್ತಿದ್ದವು. ಸೀಮೆಸುಣ್ಣದ ಪುಡಿ ಉಗುರಿನ ಸಂದಿಗೆ ಹೊಕ್ಕು, ಎಷ್ಟು ತೊಳೆದರೂ ಹೋಗುತ್ತಿರಲಿಲ್ಲ. ಹೊಳೆನರಸೀಪುರದ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಅವರು ಇಂಗ್ಲಿಷ್ ಮೇಡಂ, ನಾನು ಹೊಸದಾಗಿ ಸೇರಿದ ಗಣಿತದವಳು. ಸ್ಟಾಫ್ ರೂಮಿನಲ್ಲಿ ಅಕ್ಕಪಕ್ಕದ ಕುರ್ಚಿ. ಎಂಟು ವರ್ಷ ಅವರ ಡಬ್ಬಿಯ ಉಪ್ಪಿಟ್ಟಿನಲ್ಲಿ ಅರ್ಧ ನನ್ನದೇ.

ಪದಕ್ಕೆ ಬರೀ ಅರ್ಥ ಹೇಳಿದರೆ ಅವರಿಗೆ ತೃಪ್ತಿಯಿಲ್ಲ. "ಹೆಣ್ಣು ನೋಡೋಕೆ ಹೋದೋರು ತೌರು ಕೇಳಲ್ವೇನೇ? ಪದಕ್ಕೂ ತೌರಿರುತ್ತೆ" ಎನ್ನುತ್ತಿದ್ದರು. ಒಮ್ಮೆ 'ಗ್ರ್ಯಾಜುಯಲ್' ಎಂಬ ಪದ ಬಂತು. ನಿಧಾನವಾಗಿ ಆಗುವ ಬದಲಾವಣೆ ಎಂದು ಹೇಳಿ ಮುಗಿಸಬಹುದಿತ್ತು. ಈ ತಾಯಿ ಇಡೀ ಕ್ಲಾಸನ್ನು ಹೊಳೆದಂಡೆಗೆ ಹೊರಡಿಸಿದರು! ಲ್ಯಾಟಿನ್ನಿನ 'ಗ್ರಾಡುಸ್' ಎಂದರೆ ಮೆಟ್ಟಿಲು, ಪದ ಹುಟ್ಟಿದ್ದು ಅಲ್ಲಿಂದ. ನೀರಿಗಿಳಿಯುವ ಕಲ್ಲುಮೆಟ್ಟಿಲ ಮೇಲೆ ಮೆಟ್ಟಿಲಿಗೊಬ್ಬಳಂತೆ ನಿಲ್ಲಿಸಿ ಎಲ್ಲಕ್ಕಿಂತ ಮೇಲಿನವಳನ್ನು ಕೇಳಿದರು.

"ಪಕ್ಕದೋಳು ಎಷ್ಟು ಕೆಳಗಿದಾಳೆ?"

"ಒಂದೇ ಮೆಟ್ಲು ಮಿಸ್."

"ಕೊನೇಯವಳು?"

"ಅಯ್ಯೋ, ಅವ್ಳು ಬೋ ಕೆಳಕ್ಕೋಗವ್ಳೆ ಮಿಸ್!"

"ನೋಡಿದ್ಯಾ? ಒಂದೊಂದೇ ಮೆಟ್ಟಿಲು, ಯಾರಿಗೂ ಗೊತ್ತೇ ಆಗಲ್ಲ. ಅದೇ ಗ್ರ್ಯಾಜುಯಲ್."

ಹೆಡ್ಮಾಸ್ಟರು ಬೈದರು. ಮೇಡಂ ತಲೆ ಕೆಡಿಸಿಕೊಳ್ಳಲಿಲ್ಲ.

ಆಮೇಲಾಮೇಲೆ ಬೋರ್ಡಿನ ಮೇಲೆ ಅವರ ಅಕ್ಷರ ಸಣ್ಣದಾಗುತ್ತಾ ಬಂತು. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ನನ್ನ ಹತ್ತಿರ ದೂರಿದಳು: "ಇರುವೆ ಸಾಲು ಓದಂಗೈತೆ ಮಿಸ್, ಕಾಣಾಕಿಲ್ಲ." ನನಗೆ ತಮಾಷೆ. "ಏನ್ ಮೇಡಂ, ಸೀಮೆಸುಣ್ಣ ಉಳಿಸಿ ಮನೇಲಿ ರಂಗೋಲಿ ಹಾಕ್ತೀರಾ?" ಎಂದು ಎಲ್ಲರೆದುರು ರೇಗಿಸಿದೆ. ಅವರೂ ನಕ್ಕರು. ಬಲಗೈಯನ್ನು ಸೆರಗಿನೊಳಗೆ ಸೇರಿಸಿಕೊಂಡರು.

ಹಾಸನದಲ್ಲಿ ನರ್ಸಿಂಗ್ ಓದುತ್ತಿದ್ದ ಹಳೆಯ ವಿದ್ಯಾರ್ಥಿನಿ ಎರಡು ವರ್ಷದ ಮೇಲೆ ಶಾಲೆಗೆ ಬಂದವಳು, ಬೋರ್ಡು ನೋಡಿ ಬಾಗಿಲಲ್ಲೇ ನಿಂತುಬಿಟ್ಟಳು. ಅವಳೇ ಬಲವಂತವಾಗಿ ಡಾಕ್ಟರ ಹತ್ತಿರ ಕರೆದುಕೊಂಡು ಹೋದಳು. ಪಾರ್ಕಿನ್ಸನ್ ಎಂದರು. ಅದರಲ್ಲಿ ಕೈ ನಡುಗುವುದಷ್ಟೇ ಅಲ್ಲ, ಅಕ್ಷರವೂ ಕುಗ್ಗುತ್ತದಂತೆ. ನನ್ನ ಬಾಯಿಗಿಷ್ಟು ಮಣ್ಣು ಹಾಕ! ಅತ್ತುಕೊಂಡು ಅವರ ಮುಂದೆ ಕೂತೆ.

"ಪಕ್ಕದಲ್ಲೇ ಕೂತೋಳಿಗೆ ಕಾಣಲ್ಲ ಕಣೇ, ಬಿಡು" ಎಂದರು.

ಅವರು ಕೆಲಸ ಬಿಟ್ಟರು. ನನಗೆ ಅರಕಲಗೂಡಿಗೆ ವರ್ಗವಾಯಿತು. ಒಂದು ದಿನ ಅವರ ಇನ್‌ಲ್ಯಾಂಡ್ ಪತ್ರ ಬಂತು. ಮೊದಲ ಸಾಲು ಸಾಸಿವೆಯಷ್ಟು, ಕೆಳಗೆ ಬರುತ್ತಾ ಇನ್ನೂ ಸಣ್ಣ, ಕೊನೆಯ ಎರಡು ಸಾಲು ಬರೀ ನೂಲು. ಭೂತಗನ್ನಡಿ ಹಿಡಿದರೂ ಓದಲಾಗಲಿಲ್ಲ. ಏನು ಬರೆದಿದ್ದೀರಿ ಎಂದು ಕೇಳಿದರೆ ನೊಂದಾರು ಎಂದು, "ಕಾಗದ ತಲುಪಿತು, ಎಲ್ಲಾ ಅರ್ಥವಾಯಿತು" ಎಂದು ಉತ್ತರ ಬರೆದು ಹಾಕಿದೆ.

ಮೂರು ತಿಂಗಳಿಗೆ ಅವರು ಹೋದ ಸುದ್ದಿ ಬಂತು. ಹೋದೆ. ಅವರ ತಂಗಿ ನನ್ನ ಕೈ ಹಿಡಿದುಕೊಂಡರು.

"ನಿಮ್ಮ ಕಾಗದ ಬಂದಾಗಿಂದ ಅಕ್ಕ ಬಸ್ಸಿನ ಹೊತ್ತಿಗೆ ಬಾಗಿಲಲ್ಲೇ ಕೂತಿರೋಳು. 'ಒಂದ್ಸಲ ಬಂದು ಹೋಗೇ ಅಂತ ಕೊನೇಲಿ ಬರೆದಿದ್ದೆ, ಅರ್ಥವಾಯ್ತಂತೆ, ಬರ್ತಾಳೆ' ಅಂತಿದ್ಲು."